ಪಟ್ಟಿ ಮಾಯವಾದಾಗ ಎಸ್‌ಒ ಫೈಲಿನ ಜಾಡು ಹಿಡಿಯುವುದು ಹೇಗೆ

ನನ್ನ ಮಾನಿಟರಿನ ಬಲ ಅಂಚಿನಲ್ಲಿ ಯಾವಾಗಲೂ ಒಂದು ಸಪೂರ ಪಟ್ಟಿ ನಿಂತಿರುತ್ತದೆ. ಜಿಕ್ರೆಲ್‌ಎಂ ಅಂತ ಅದರ ಹೆಸರು. ಲಿನಕ್ಸ್‌ನ ಹಳೇ ಕಾಲದ ಪ್ರೋಗ್ರಾಂ, ನೋಡೋಕೆ ಅಂಥಾ ಚೆಂದವೇನಿಲ್ಲ. ಸಿಪಿಯು ಎಷ್ಟು ದುಡಿಯುತ್ತಿದೆ, ಎಷ್ಟು ಬಿಸಿಯಾಗಿದೆ, ಫ್ಯಾನು ನಿಮಿಷಕ್ಕೆ ಎಷ್ಟು ಸುತ್ತು ತಿರುಗುತ್ತಿದೆ, ಡಿಸ್ಕಿನಲ್ಲಿ ಏನು ಓಡಾಟ ನಡೆದಿದೆ ಅನ್ನುವುದನ್ನು ಒಂದರ ಕೆಳಗೊಂದು ತೋರಿಸುತ್ತದೆ. ಇದ್ದಾಗ ಅದರ ಕಡೆ ನೋಡುವುದೇ ಇಲ್ಲ. ಇಲ್ಲದ ದಿನ ನಿಮಿಷಕ್ಕೊಮ್ಮೆ ಕಣ್ಣು ಅಲ್ಲಿಗೇ ಹೋಗುತ್ತದೆ.

ಒಂದು ದೊಡ್ಡ ಅಪ್‌ಗ್ರೇಡ್ ಮುಗಿಸಿ ಮೆಷಿನ್ ಮತ್ತೆ ಆನ್ ಮಾಡಿದೆ, ಪಟ್ಟಿ ಇರಲಿಲ್ಲ. ಐಕಾನ್ ಒತ್ತಿದರೆ ಹೂಂ ಇಲ್ಲ, ಉಹೂಂ ಇಲ್ಲ. ಟರ್ಮಿನಲ್ ತೆಗೆದು ಪ್ರೋಗ್ರಾಮಿನ ಹೆಸರು ಟೈಪ್ ಮಾಡಿದಾಗ ಒಂದೇ ಸಾಲು ಬಂತು: ಶೇರ್ಡ್ ಲೈಬ್ರರಿ ಲೋಡ್ ಮಾಡುವಾಗ ಎರರ್, ಲಿಬ್‌ಸೆನ್ಸರ್ಸ್.ಎಸ್‌ಒ.4 ತೆರೆಯಲಾಗಲಿಲ್ಲ, ಅಂಥ ಫೈಲಿಲ್ಲ. ಹುಡುಕಿ ನೋಡಿದರೆ ಲಿಬ್‌ಸೆನ್ಸರ್ಸ್.ಎಸ್‌ಒ.5 ಇದೆ. ನಾಲ್ಕರ ಬದಲು ಐದು, ಅಷ್ಟೇ ತಾನೆ ಅಂದುಕೊಂಡೆ. ಐದರತ್ತ ಕೈ ತೋರಿಸುವ, ನಾಲ್ಕು ಅನ್ನುವ ಹೆಸರಿನ ಒಂದು ಸಿಮ್‌ಲಿಂಕ್ ಹಾಕಿದೆ. ಪಟ್ಟಿ ಎದ್ದು ಬಂತು. ಐದು ನಿಮಿಷದ ಕೆಲಸ ಅಂತ ಬೀಗಿದ್ದೂ ಆಯಿತು.

ಮೂರನೇ ದಿನ ಫ್ಯಾನಿನ ಸಾಲು ಸೊನ್ನೆ ತೋರಿಸುತ್ತಿತ್ತು. ಫ್ಯಾನಿನ ಸದ್ದು ಮಾತ್ರ ಕಿವಿಗೆ ಚೆನ್ನಾಗಿ ಬೀಳುತ್ತಿತ್ತು. ಸೆನ್ಸರ್ಸ್ ಎಂಬ ಕಮಾಂಡ್ ಕೊಟ್ಟರೆ ಅದು 1,400ರ ಆಸುಪಾಸಿನ ಅಂಕಿ ಹೇಳಿತು. ಹಾಗಾದರೆ ಮೂರು ದಿನದಿಂದ ಅದೇ ಪಟ್ಟಿಯಲ್ಲಿ ನಾನು ನೋಡಿಕೊಂಡು ಬಂದ ತಾಪಮಾನದ ಕಥೆಯೇನು? ಮೀಟರು ಕೆಟ್ಟು ನಿಂತರೆ ನಿಂತಿದೆ ಅಂತಾದರೂ ಗೊತ್ತಾಗುತ್ತದೆ. ತಪ್ಪು ಓದುವ ಮೀಟರನ್ನು ನಾವು ನಂಬಿಕೊಂಡು ಕೂತಿರುತ್ತೇವೆ. ಬೇರೆ ಪ್ರೋಗ್ರಾಮುಗಳಲ್ಲಿ ನಡೆದುಹೋಗುವ ಒರಟು ರಿಪೇರಿ ಮಾನಿಟರಿಂಗ್ ಸಾಫ್ಟ್‌ವೇರಿನಲ್ಲಿ ನಡೆಯುವುದಿಲ್ಲ ಅಂತ ನಾನು ಹೇಳುವುದು ಇದಕ್ಕೇ.

ಮುಂದೆ ಬರುವ ಕಮಾಂಡುಗಳನ್ನೆಲ್ಲ ಕನ್ನಡದಲ್ಲೇ ಬರೆದಿದ್ದೇನೆ. ಟರ್ಮಿನಲ್‌ನಲ್ಲಿ ಅವನ್ನು ಇಂಗ್ಲಿಷಿನ ಸಣ್ಣ ಅಕ್ಷರಗಳಲ್ಲಿ ಟೈಪ್ ಮಾಡಬೇಕು. ದೊಡ್ಡ ಅಕ್ಷರ ಬೇಕಾದ ಕಡೆ ಹೇಳುತ್ತೇನೆ.

ಹೆಸರಿನ ಕೊನೆಯ ಅಂಕಿ ಏನು ಹೇಳುತ್ತದೆ

ಶೇರ್ಡ್ ಲೈಬ್ರರಿ ಅಂದರೆ ಹಲವು ಪ್ರೋಗ್ರಾಮುಗಳು ಹಂಚಿಕೊಂಡು ಬಳಸುವ ಕೋಡ್. ಲಿನಕ್ಸ್‌ನಲ್ಲಿ ಡಾಟ್ ಎಸ್‌ಒ, ವಿಂಡೋಸ್‌ನಲ್ಲಿ ಡಾಟ್ ಡಿಎಲ್‌ಎಲ್, ಮ್ಯಾಕ್‌ನಲ್ಲಿ ಡಾಟ್ ಡೈಲಿಬ್. ಮದರ್‌ಬೋರ್ಡಿನ ಸೆನ್ಸರ್ ಚಿಪ್ಪುಗಳನ್ನು ಓದಿ ಅರ್ಥ ಮಾಡಿಕೊಳ್ಳುವುದು ತಲೆನೋವಿನ ಕೆಲಸ. ಪ್ರತಿ ಮೀಟರ್ ಪ್ರೋಗ್ರಾಮೂ ಅದನ್ನು ಹೊಸದಾಗಿ ಬರೆಯುವ ಬದಲು ಎಲ್‌ಎಂ-ಸೆನ್ಸರ್ಸ್ ಯೋಜನೆಯವರು ಬರೆದ ಲಿಬ್‌ಸೆನ್ಸರ್ಸ್ ಅನ್ನು ಕೇಳುತ್ತವೆ. ಜಿಕ್ರೆಲ್‌ಎಂ ಅದನ್ನೇ ಕೇಳುತ್ತದೆ, ಎಕ್ಸ್‌ಎಫ್‌ಸಿಇ ಡೆಸ್ಕ್‌ಟಾಪಿನ ಪ್ಯಾನೆಲ್ಲಿನ ಸೆನ್ಸರ್ ಪ್ಲಗಿನ್ ಕೂಡ ಅದನ್ನೇ. ಕಾಂಕಿ ಎಂಬ ಇನ್ನೊಂದು ಮೀಟರು ಮಾತ್ರ ಇದರ ಗೊಡವೆಗೆ ಹೋಗದೆ, ಕರ್ನೆಲ್ (ಸಿಸ್ಟಮ್ಮಿನ ತಿರುಳು) /ಸಿಸ್ ಕೆಳಗೆ ಇಟ್ಟಿರುವ ಫೈಲುಗಳನ್ನು ನೇರವಾಗಿ ಓದಿಕೊಳ್ಳುತ್ತದೆ.

ಫೋಲ್ಡರಿನಲ್ಲಿ ಎಲ್‌ಎಸ್ -ಎಲ್ ಕೊಟ್ಟು ನೋಡಿದರೆ ಒಂದೇ ಲೈಬ್ರರಿಗೆ ಎರಡು ಮೂರು ಹೆಸರು ಕಾಣುತ್ತವೆ. ಲಿಬ್‌ಸೆನ್ಸರ್ಸ್.ಎಸ್‌ಒ.5.0.0 ನಿಜವಾದ ಫೈಲು. ಲಿಬ್‌ಸೆನ್ಸರ್ಸ್.ಎಸ್‌ಒ.5 ಅದಕ್ಕೆ ಕೈ ತೋರಿಸುವ ಲಿಂಕು. ಪ್ರೋಗ್ರಾಮುಗಳು ಕೇಳುವುದು ಈ ಹೆಸರನ್ನು. ಇದಕ್ಕೆ ಎಸ್‌ಒನೇಮ್ ಅನ್ನುತ್ತಾರೆ. ಅಂಕಿಯೇ ಇಲ್ಲದ ಲಿಬ್‌ಸೆನ್ಸರ್ಸ್.ಎಸ್‌ಒ ಕಂಪೈಲ್ ಮಾಡುವವರಿಗೆ (ಸೋರ್ಸ್ ಕೋಡಿನಿಂದ ಪ್ರೋಗ್ರಾಂ ಕಟ್ಟುವವರಿಗೆ) ಮಾತ್ರ ಬೇಕಾದದ್ದು, ಡೆವ್ ಪ್ಯಾಕೇಜಿನ ಜೊತೆ ಬರುತ್ತದೆ. ಪ್ರೋಗ್ರಾಂ ಓಡುತ್ತಿಲ್ಲ ಅಂತ ಡೆವ್ ಪ್ಯಾಕೇಜ್ ಹಾಕುತ್ತಾ ಕೂರುವವರನ್ನು ನೋಡಿದ್ದೇನೆ. ಕೆಲವೊಮ್ಮೆ ಅದರ ಹಿಂದೆ ಅಸಲಿ ಪ್ಯಾಕೇಜೂ ಬಂದು ಕೆಲಸ ಆಗಿಬಿಡುತ್ತದೆ, ಆದ್ದರಿಂದ ನಂಬಿಕೆ ಇನ್ನಷ್ಟು ಗಟ್ಟಿಯಾಗುತ್ತದೆ.

ಎಸ್‌ಒನೇಮಿನ ಅಂಕಿಯನ್ನು ಸುಮ್ಮನೆ ಬದಲಾಯಿಸುವುದಿಲ್ಲ. ಹಳೇ ಪ್ರೋಗ್ರಾಮಿಗೂ ಹೊಸ ಲೈಬ್ರರಿಗೂ ಇನ್ನು ಮಾತು ಕೂಡುವುದಿಲ್ಲ ಅಂತ ಬರೆದವರಿಗೇ ಅನ್ನಿಸಿದಾಗ ಏರಿಸುತ್ತಾರೆ. 2018ರಲ್ಲಿ ಎಲ್‌ಎಂ-ಸೆನ್ಸರ್ಸ್ 3.5.0 ಬಂದಾಗ ನಾಲ್ಕು ಐದಾಯಿತು. ಡೆಬಿಯನ್ ಎಂಬ ಡಿಸ್ಟ್ರೋದ (ಲಿನಕ್ಸನ್ನು ಕಟ್ಟಿ ಹಂಚುವ ಒಂದು ಬಗೆ) 9ನೇ ಆವೃತ್ತಿಯಲ್ಲಿ ಲಿಬ್‌ಸೆನ್ಸರ್ಸ್4 ಅನ್ನುವ ಪ್ಯಾಕೇಜ್ ಇತ್ತು. 2019ರ ಡೆಬಿಯನ್ 10ರಲ್ಲಿ ಅದರ ಜಾಗಕ್ಕೆ ಲಿಬ್‌ಸೆನ್ಸರ್ಸ್5 ಬಂತು. ಹಳೆಯ ಪ್ರೋಗ್ರಾಮು 'ಏಳನೇ ಖಾನೆಯಲ್ಲಿ ಫ್ಯಾನಿದೆ' ಅಂತ ಬಾಯಿಪಾಠ ಮಾಡಿಕೊಂಡಿದೆ ಅಂದುಕೊಳ್ಳಿ. ಹೊಸ ಲೈಬ್ರರಿ ಖಾನೆಗಳನ್ನು ಸರಿಸಿದ್ದರೆ ಏಳನೆಯದರಲ್ಲಿ ಇನ್ನೇನೋ ಇರುತ್ತದೆ, ಇಲ್ಲವೇ ಏನೂ ಇರುವುದಿಲ್ಲ. ಪ್ರೋಗ್ರಾಮಿಗೆ ಅದು ಗೊತ್ತಾಗುವ ದಾರಿಯೇ ಇಲ್ಲ. ಸಿಮ್‌ಲಿಂಕ್ ಹಾಕಿ ನಾನು ಮಾಡಿದ್ದು ಕಾವಲುಗಾರನ ಬಾಯಿ ಮುಚ್ಚಿಸುವ ಕೆಲಸ.

ಮೊದಲ ಕೆಲಸ: ಯಾವ ಪ್ರೋಗ್ರಾಂ ಓಡುತ್ತಿದೆ ನೋಡಿ

ಐಕಾನನ್ನು ಮತ್ತೆ ಮತ್ತೆ ಒತ್ತಬೇಡಿ. ಟರ್ಮಿನಲ್‌ನಿಂದ ಓಡಿಸಿ, ಬಂದ ಎರರನ್ನು ಪೂರ್ತಿ ಒಂದು ಕಡೆ ಬರೆದಿಟ್ಟುಕೊಳ್ಳಿ. ಆಮೇಲೆ ಟೈಪ್ -ಎ ಎಂದು ಬರೆದು ಪ್ರೋಗ್ರಾಮಿನ ಹೆಸರು ಕೊಡಿ. ಆ ಹೆಸರಿನ ಎಷ್ಟು ಪ್ರತಿಗಳು ಎಲ್ಲೆಲ್ಲಿವೆ ಅಂತ ಅದು ಹೇಳುತ್ತದೆ. ನನಗೆ ಬಂದ ಉತ್ತರದಲ್ಲಿ ಎರಡು ಸಾಲಿದ್ದವು: ಮೊದಲು /ಯುಎಸ್‌ಆರ್/ಲೋಕಲ್/ಬಿನ್/ಜಿಕ್ರೆಲ್‌ಎಂ, ಅದರ ಕೆಳಗೆ /ಯುಎಸ್‌ಆರ್/ಬಿನ್/ಜಿಕ್ರೆಲ್‌ಎಂ.

ಅಲ್ಲಿಗೆ ಅರ್ಧ ರೋಗ ಗೊತ್ತಾಯಿತು. ಕೆಳಗಿನದು ಡಿಸ್ಟ್ರೋದವರು ಕೊಟ್ಟದ್ದು, ಲೈಬ್ರರಿಯ ಜೊತೆಜೊತೆಗೇ ಅಪ್‌ಗ್ರೇಡ್ ಆಗಿತ್ತು, ಗುಂಡುಕಲ್ಲಿನ ಹಾಗಿತ್ತು. ಮೇಲಿನದು ವರ್ಷಗಳ ಹಿಂದೆ ನಾನೇ ಕಂಪೈಲ್ ಮಾಡಿ ಇಟ್ಟು ಮರೆತದ್ದು. ಹೆಸರು ಟೈಪ್ ಮಾಡಿದರೆ ಮೊದಲು ಸಿಗುವುದೇ ಓಡುತ್ತದೆ. ಪ್ಯಾಕೇಜ್ ಮ್ಯಾನೇಜರ್ ತನ್ನ ಮನೆಯವರನ್ನೆಲ್ಲ ಎಬ್ಬಿಸಿ ಹೊಸ ಮನೆಗೆ ಕರೆದುಕೊಂಡು ಹೋಗಿತ್ತು, ನನ್ನ ಅನಾಥ ಪ್ರತಿ ಹಳೇ ವಿಳಾಸ ಹಿಡಿದುಕೊಂಡು ಅಲ್ಲೇ ನಿಂತಿತ್ತು. ಇಂಥ ಎರರ್ ಕಂಡಾಗಲೆಲ್ಲ ನಾನು ಮೊದಲು ಕೇಳುವ ಪ್ರಶ್ನೆ ಈಗ ಒಂದೇ: ಈ ಫೈಲಿಗೆ ವಾರಸುದಾರರು ಯಾರು?

ಡೆಬಿಯನ್, ಉಬುಂಟು ಬಳಸುವವರು ಡಿಪಿಕೆಜಿ -ಎಸ್ ಎಂದು ಬರೆದು ಫೈಲಿನ ಪೂರ್ತಿ ದಾರಿ ಕೊಟ್ಟು ಕೇಳಬೇಕು. ಇಲ್ಲಿ ಎಸ್ ದೊಡ್ಡ ಅಕ್ಷರ. ಫೆಡೋರಾದವರಿಗೆ ಆರ್‌ಪಿಎಂ -ಕ್ಯೂಎಫ್, ಆರ್ಚ್‌ನವರಿಗೆ ಪ್ಯಾಕ್‌ಮನ್ -ಕ್ಯೂಒ, ಅದರಲ್ಲಿ ಕ್ಯೂ ದೊಡ್ಡದು. ಪ್ಯಾಕೇಜಿನ ಹೆಸರು ಬಂದರೆ ವಾರಸುದಾರರಿದ್ದಾರೆ. ಯಾರದ್ದೂ ಅಲ್ಲ ಅಂತ ಬಂದರೆ ಅದನ್ನು ತಂದಿಟ್ಟವರು ನೀವೇ, ಇಲ್ಲವೇ ಯಾವುದೋ ಇನ್‌ಸ್ಟಾಲ್ ಸ್ಕ್ರಿಪ್ಟು.

ಎಲ್‌ಡಿಡಿ, ಮತ್ತು ಅದಕ್ಕೆ ಕಾಣದ್ದು

ಯಾವ ಲೈಬ್ರರಿ ಸಿಗುತ್ತಿಲ್ಲ ಅಂತ ತಿಳಿಯಲು ಎಲ್‌ಡಿಡಿ ಎಂದು ಬರೆದು ಪ್ರೋಗ್ರಾಮಿನ ಪೂರ್ತಿ ದಾರಿ ಕೊಡಿ. ಉದ್ದನೆಯ ಪಟ್ಟಿ ಬರುತ್ತದೆ. ಎಡಗಡೆ ಕೇಳಿದ ಹೆಸರು, ಬಲಗಡೆ ಸಿಕ್ಕ ಫೈಲು. ಸಿಗದಿದ್ದರೆ ಬಲಗಡೆ 'ನಾಟ್ ಫೌಂಡ್' ಅಂತಿರುತ್ತದೆ. ಎರರ್ ಸಾಲಿನಲ್ಲಿ ಒಂದು ಹೆಸರು ಮಾತ್ರ ಬರುವುದು, ಏಕೆಂದರೆ ಪ್ರೋಗ್ರಾಂ ಮೊದಲನೆಯದಕ್ಕೇ ಮುಗ್ಗರಿಸಿ ಬೀಳುತ್ತದೆ. ಎಲ್‌ಡಿಡಿ ಎಲ್ಲವನ್ನೂ ಒಟ್ಟಿಗೆ ಹೇಳುವುದರಿಂದ ಒಂದು ಸರಿ ಮಾಡಿ ಇನ್ನೊಂದಕ್ಕೆ ಓಡುವುದು ತಪ್ಪುತ್ತದೆ.

ಎಲ್ಲಿಂದಲೋ ಇಳಿಸಿಕೊಂಡ, ನಂಬಿಕೆಯಿಲ್ಲದ ಪ್ರೋಗ್ರಾಮಿನ ಮೇಲೆ ಮಾತ್ರ ಎಲ್‌ಡಿಡಿ ಓಡಿಸಬೇಡಿ. ಕೆಲವು ಸಂದರ್ಭಗಳಲ್ಲಿ ಅದು ಆ ಪ್ರೋಗ್ರಾಮನ್ನೇ ಓಡಿಸಿಬಿಡಬಹುದು ಅಂತ ಅದರ ಕೈಪಿಡಿಯಾದ ಮ್ಯಾನ್ ಪುಟದಲ್ಲೇ ಎಚ್ಚರಿಕೆ ಇದೆ. ಅಂಥದ್ದಕ್ಕೆ ರೀಡ್‌ಎಲ್ಫ್ -ಡಿ ಒಳ್ಳೆಯದು. ಅದು ಏನನ್ನೂ ಓಡಿಸದೆ, ಫೈಲಿನೊಳಗೆ 'ನೀಡೆಡ್' ಎಂದು ಬರೆದಿರುವ ಹೆಸರುಗಳನ್ನು ಓದಿ ಹೇಳುತ್ತದೆ.

ಹೆಸರು ಸಿಕ್ಕಿತು. ಫೈಲು ನಿಜವಾಗಿಯೂ ಇಲ್ಲವೋ, ಇದ್ದೂ ಕಾಣುತ್ತಿಲ್ಲವೋ? ಲೈಬ್ರರಿ ಹುಡುಕಿಕೊಡುವ ಲೋಡರ್ ಇಡೀ ಡಿಸ್ಕನ್ನು ಜಾಲಾಡುವುದಿಲ್ಲ. ಪ್ರೋಗ್ರಾಮಿನೊಳಗೇ ದಾರಿ ಬರೆದಿದ್ದರೆ ಅದನ್ನು ನೋಡುತ್ತದೆ, ಎಲ್‌ಡಿ_ಲೈಬ್ರರಿ_ಪಾತ್ (ಪೂರ್ತಿ ದೊಡ್ಡ ಅಕ್ಷರ) ಎಂಬ ವೇರಿಯೇಬಲ್ ಇದ್ದರೆ ಅದನ್ನು, ಆಮೇಲೆ /ಇಟಿಸಿ/ಎಲ್‌ಡಿ.ಎಸ್‌ಒ.ಕ್ಯಾಶ್ ಎಂಬ ಸಿದ್ಧ ಸೂಚಿಯನ್ನು, ಕೊನೆಗೆ /ಲಿಬ್ ಮತ್ತು /ಯುಎಸ್‌ಆರ್/ಲಿಬ್ ಅನ್ನು. ಸೂಚಿಯಲ್ಲಿ ಏನಿದೆ ಅಂತ ಎಲ್‌ಡಿಕಾನ್ಫಿಗ್ -ಪಿ ತೋರಿಸುತ್ತದೆ. ಫೈಲು ಡಿಸ್ಕಿನಲ್ಲಿದೆ, ಸೂಚಿಯಲ್ಲಿಲ್ಲ ಅಂತಾದರೆ ಅದೃಷ್ಟವಂತರು ನೀವು. ಈಗಷ್ಟೇ ನೀವೇ ಕಂಪೈಲ್ ಮಾಡಿ ಮೇಕ್ ಇನ್‌ಸ್ಟಾಲ್ ಮಾಡಿದ್ದರೆ ಬರಿಯ ಸುಡೊ ಎಲ್‌ಡಿಕಾನ್ಫಿಗ್ (ಸುಡೊ ಅಂದರೆ ಅಡ್ಮಿನ್ ಆಗಿ) ಸಾಕು, ಸೂಚಿ ಹೊಸದಾಗಿ ತಯಾರಾಗುತ್ತದೆ. ಫೋಲ್ಡರೇ ಅದರ ಲೆಕ್ಕದಲ್ಲಿಲ್ಲದಿದ್ದರೆ /ಇಟಿಸಿ/ಎಲ್‌ಡಿ.ಎಸ್‌ಒ.ಕಾನ್ಫ್.ಡಿ ಒಳಗೆ .ಕಾನ್ಫ್ ಎಂದು ಕೊನೆಯಾಗುವ ಒಂದು ಫೈಲು ಮಾಡಿ, ಫೋಲ್ಡರಿನ ದಾರಿ ಬರೆದು, ಅದೇ ಕಮಾಂಡ್ ಓಡಿಸಿ.

ಫೈಲೇ ಇಲ್ಲ ಅಂದರೆ, ಅದನ್ನು ಕೊಡುವ ಪ್ಯಾಕೇಜ್ ಯಾವುದು ಅಂತ ಕೇಳಿ: ಡೆಬಿಯನ್ ಕಡೆ ಎಪಿಟಿ-ಫೈಲ್ ಸರ್ಚ್, ಫೆಡೋರಾದಲ್ಲಿ ಡಿಎನ್‌ಎಫ್ ಪ್ರೊವೈಡ್ಸ್, ಆರ್ಚ್‌ನಲ್ಲಿ ಪ್ಯಾಕ್‌ಮನ್ -ಎಫ್, ಇಲ್ಲಿ ಎಫ್ ದೊಡ್ಡದು. ಹುಡುಕಬೇಕಾದ್ದು ಫೈಲನ್ನಲ್ಲ, ಪ್ಯಾಕೇಜನ್ನು. ಯಾವುದೋ ಸೈಟಿನಿಂದ ಒಂಟಿ ಎಸ್‌ಒ ಫೈಲು ತಂದು /ಯುಎಸ್‌ಆರ್/ಲಿಬ್‌ಗೆ ಎಸೆದರೆ ಇವತ್ತಿನ ಎರರ್ ಹೋಗಬಹುದು, ಆದರೆ ಮುಂದಿನ ಅಪ್‌ಗ್ರೇಡಿಗೆ ಇನ್ನೊಂದು ಅನಾಥ ಸಿದ್ಧವಾಯಿತು.

ಇನ್ನು ಎಲ್‌ಡಿಡಿಗೆ ಕಾಣದ್ದು. ಕೆಲವು ಪ್ರೋಗ್ರಾಮುಗಳು ಲೈಬ್ರರಿಯನ್ನು ಶುರುವಿನಲ್ಲೇ ಕೇಳುವುದಿಲ್ಲ. ಎದ್ದು ಕೂತ ಮೇಲೆ, ಇದ್ದರೆ ತೆರೆಯುತ್ತವೆ, ಇಲ್ಲದಿದ್ದರೆ ಸುಮ್ಮನಿರುತ್ತವೆ. ಟರ್ಮಿನಲ್‌ನಲ್ಲೇ ಓಡುವ ಎಚ್‌ಟಾಪ್ ಎಂಬ ಮೀಟರು ಲಿಬ್‌ಸೆನ್ಸರ್ಸ್ ಅನ್ನು ಹೀಗೇ ತೆರೆಯುವುದು. ಲೈಬ್ರರಿ ಇಲ್ಲದ ಮೆಷಿನ್ನಿನಲ್ಲಿ ಎಚ್‌ಟಾಪ್ ಚೆನ್ನಾಗಿಯೇ ಓಡುತ್ತದೆ, ತಾಪಮಾನ ಮಾತ್ರ ಬರುವುದಿಲ್ಲ. ಎಲ್‌ಡಿಡಿ ಎಲ್ಲವೂ ಸರಿಯಿದೆ ಅನ್ನುತ್ತದೆ. ಸೆಟ್ಟಿಂಗ್ಸಿನಲ್ಲಿ ತಾಪಮಾನದ ಆಯ್ಕೆ ಆನ್ ಮಾಡುವುದು, ಆಫ್ ಮಾಡುವುದು, ಮತ್ತೆ ಆನ್ ಮಾಡುವುದು: ಒಂದು ಸಂಜೆ ನಾನು ಹೀಗೇ ಕಳೆದಿದ್ದೇನೆ.

ಜಿಕ್ರೆಲ್‌ಎಂ ಪ್ಲಗಿನ್‌ಗಳದ್ದೂ ಇದೇ ಪೈಕಿ. ಪ್ರತಿ ಪ್ಲಗಿನ್ನೂ ಒಂದು ಎಸ್‌ಒ ಫೈಲು, ನಾವೇ ತಂದು ಹಾಕಿಕೊಂಡವು ಹೋಮ್ ಫೋಲ್ಡರಿನ .ಜಿಕ್ರೆಲ್‌ಎಂ2/ಪ್ಲಗಿನ್ಸ್ ಒಳಗೆ ಕೂತಿರುತ್ತವೆ. ಹೋಮ್ ಫೋಲ್ಡರು ಅಪ್‌ಗ್ರೇಡಿನ ಕೈಗೆ ಸಿಗುವುದಿಲ್ಲವಾದ್ದರಿಂದ ಅಲ್ಲಿರುವುದೆಲ್ಲ ಅನಾಥವೇ. ಎಲ್‌ಡಿಡಿಯನ್ನು ಪ್ಲಗಿನ್ ಫೈಲಿನ ಮೇಲೇ ಓಡಿಸಬೇಕು. ಯಾವ ಪ್ಲಗಿನ್ ಕಾಟ ಕೊಡುತ್ತಿದೆ ಗೊತ್ತಾಗದಿದ್ದರೆ ಜಿಕ್ರೆಲ್‌ಎಂ ಅನ್ನು --ವಿದೌಟ್-ಪ್ಲಗಿನ್ಸ್ ಎಂಬ ಆಯ್ಕೆ ಕೊಟ್ಟು ಓಡಿಸಿ. ಪಟ್ಟಿ ಬಂತು ಅಂದರೆ ಕಳ್ಳ ಆ ಫೋಲ್ಡರಿನಲ್ಲೇ ಇದ್ದಾನೆ. ಒಂದೊಂದನ್ನೇ ಹೊರಗಿಟ್ಟು ನೋಡಿ.

ಗುಟ್ಟಾಗಿ ತೆರೆಯುವವರನ್ನು ಹಿಡಿಯಲು ಇನ್ನೂ ಎರಡು ಉಪಾಯಗಳಿವೆ. ಪ್ರೋಗ್ರಾಮಿನ ಹೆಸರಿನ ಮುಂದೆ ಎಲ್‌ಡಿ_ಡಿಬಗ್=ಲಿಬ್ಸ್ ಅಂತ ಸೇರಿಸಿ ಓಡಿಸಿದರೆ (ಎಲ್‌ಡಿ_ಡಿಬಗ್ ದೊಡ್ಡ ಅಕ್ಷರ, ಲಿಬ್ಸ್ ಸಣ್ಣದು) ಲೋಡರ್ ತಾನು ಎಲ್ಲೆಲ್ಲಿ ಹುಡುಕಿದೆ, ಎಲ್ಲಿ ಸಿಕ್ಕಿತು ಅಂತ ಹರಿಕಥೆಯನ್ನೇ ಹೇಳುತ್ತದೆ. ಅದನ್ನು ಒಂದು ಫೈಲಿಗೆ ಬರೆಸಿ 'ಸೆನ್ಸರ್ಸ್' ಅಂತ ಹುಡುಕಿಕೊಳ್ಳಿ. ಆಗಲೇ ಓಡುತ್ತಿರುವ ಪ್ರೋಗ್ರಾಮಾದರೆ /ಪ್ರಾಕ್ ಕೆಳಗೆ ಅದರ ಪ್ರಾಸೆಸ್ ಸಂಖ್ಯೆಯ ಫೋಲ್ಡರಿನಲ್ಲಿ ಮ್ಯಾಪ್ಸ್ ಎಂಬ ಫೈಲು ನೋಡಿ. ಆ ಕ್ಷಣ ಅದರ ಮಡಿಲಲ್ಲಿ ಯಾವ ಯಾವ ಎಸ್‌ಒ ಇದೆ, ಎಲ್ಲ ಅಲ್ಲಿರುತ್ತದೆ.

ಆ ಮ್ಯಾಪ್ಸ್ ಫೈಲಿನಲ್ಲಿ ಕೆಲವು ಸಾಲಿನ ಕೊನೆಗೆ 'ಡಿಲೀಟೆಡ್' ಅಂತ ಕಂಡರೆ ಗಾಬರಿ ಬೇಡ. ಲೈಬ್ರರಿ ಅಪ್‌ಡೇಟ್ ಆಗಿದೆ, ಪ್ರೋಗ್ರಾಂ ಮಾತ್ರ ಹಳೇ ಪ್ರತಿಯನ್ನೇ ಮೆಮೊರಿಯಲ್ಲಿ ಹಿಡಿದುಕೊಂಡಿದೆ ಅಂತ ಅರ್ಥ. ಲಾಗಿನ್ ಆದಾಗ ಶುರುವಾಗಿ ತಿಂಗಳುಗಟ್ಟಲೆ ನಿಲ್ಲದೆ ಓಡುವ ಮೀಟರುಗಳಲ್ಲಿ ಇದು ಸಾಮಾನ್ಯ. ನಿಲ್ಲಿಸಿ ಮತ್ತೆ ಶುರು ಮಾಡಿ, ಸಾಕು.

ಬೇರೆ ಎರರುಗಳ ಬೇರೆ ಅರ್ಥ

ಎಲ್ಲ ಎರರೂ 'ಫೈಲಿಲ್ಲ' ಅನ್ನುವುದಿಲ್ಲ. 'ರಾಂಗ್ ಎಲ್ಫ್ ಕ್ಲಾಸ್' ಅಂತ ಬಂದರೆ ಫೈಲು ಸಿಕ್ಕಿದೆ, ಆದರೆ 64 ಬಿಟ್ ಪ್ರೋಗ್ರಾಮಿಗೆ 32 ಬಿಟ್ ಲೈಬ್ರರಿಯೋ, 32ಕ್ಕೆ 64ರದ್ದೋ ಸಿಕ್ಕಿದೆ. ಗೇಮಿನ ಮೇಲೆ ಎಫ್‌ಪಿಎಸ್ ತೋರಿಸುವ ಮ್ಯಾಂಗೋಹಡ್ ಬಳಸುವವರು ಇದನ್ನು ನೋಡಿರುತ್ತಾರೆ. ಓಪನ್‌ಜಿಎಲ್ ಗೇಮುಗಳಲ್ಲಿ ಅದು ತನ್ನ ಎಸ್‌ಒ ಫೈಲನ್ನು ಎಲ್‌ಡಿ_ಪ್ರಿಲೋಡ್ ಎಂಬ ವೇರಿಯೇಬಲ್ ಮೂಲಕ ಗೇಮಿನೊಳಗೇ ನುಗ್ಗಿಸುತ್ತದೆ. ಬಿಟ್ ಹೊಂದದಿದ್ದರೆ ಲೋಡರ್ ಒಂದು ಸಾಲು ಗೊಣಗಿ, ಕೊನೆಗೆ 'ಇಗ್ನೋರ್ಡ್' ಅಂತ ಹೇಳಿ ಮುಂದೆ ಹೋಗುತ್ತದೆ. ಗೇಮ್ ನಡೆಯುತ್ತದೆ, ಮೀಟರು ಬರುವುದಿಲ್ಲ. 32 ಬಿಟ್ ಪ್ಯಾಕೇಜನ್ನೂ ಹಾಕಿಕೊಂಡರೆ ಸರಿಯಾಗುತ್ತದೆ.

'ಜಿಲಿಬ್‌ಸಿ_2.34 ನಾಟ್ ಫೌಂಡ್' ಅಂತ ಬಂದರೆ ಆ ಪ್ರೋಗ್ರಾಂ ನಿಮ್ಮ ಸಿಸ್ಟಮ್ಮಿಗಿಂತ ಹೊಸದರಲ್ಲಿ ಕಂಪೈಲ್ ಆದದ್ದು. ಜಿಲಿಬ್‌ಸಿ ಅಂದರೆ ಹೆಚ್ಚುಕಡಿಮೆ ಎಲ್ಲ ಪ್ರೋಗ್ರಾಮುಗಳೂ ಬಳಸುವ ಮೂಲ ಲೈಬ್ರರಿ, ಅದರ 2.34 ಬಂದದ್ದು 2021ರ ಆಗಸ್ಟ್‌ನಲ್ಲಿ. ಉಬುಂಟು 20.04ರಲ್ಲಿರುವುದು 2.31, 22.04ರಲ್ಲಿ 2.35. ಇಲ್ಲಿ ಒಂದು ಮಾತನ್ನು ದಯವಿಟ್ಟು ಕೇಳಿ. ಹೊಸ ಲಿಬ್‌ಸಿ ಫೈಲು ತಂದು ಹಳೆಯದರ ಮೇಲೆ ಕೂರಿಸಲು ಹೋಗಬೇಡಿ. ಎಲ್‌ಎಸ್, ಸಿಪಿ, ಸುಡೊ, ಎಲ್ಲವೂ ಅದೇ ಫೈಲಿನ ಮೇಲೆ ನಿಂತಿವೆ. ತಪ್ಪಿದರೆ, ತಪ್ಪನ್ನು ತಿದ್ದಲು ಬೇಕಾದ ಕಮಾಂಡುಗಳೇ ಕೈಕೊಡುತ್ತವೆ. ನಿಮ್ಮ ಡಿಸ್ಟ್ರೋಗೆ ಅಂತ ಕಂಪೈಲ್ ಆದ ಪ್ರತಿ ಹುಡುಕಿ, ಅಥವಾ ಸೋರ್ಸ್ ತಂದು ನೀವೇ ಮಾಡಿಕೊಳ್ಳಿ.

'ಅನ್‌ಡಿಫೈನ್ಡ್ ಸಿಂಬಲ್' ನಾನು ಮೇಲೆ ಹೇಳಿದ ಸಿಮ್‌ಲಿಂಕ್ ಸಾಹಸದ ಮಾಮೂಲಿ ಫಲ. ಹೆಸರು ಹೊಂದಿತು, ಒಳಗೆ ಬೇಕಾದ ಫಂಕ್ಷನ್ನು ಇಲ್ಲ. ಒಂದು ಲೆಕ್ಕದಲ್ಲಿ ಇದು ಪುಣ್ಯ, ನನಗೆ ಸಿಕ್ಕ ಸೊನ್ನೆಯ ಹಾಗೆ ಮೌನವಾಗಿರುವುದಿಲ್ಲ.

ಎನ್‌ವಿಡಿಯಾ ಕಾರ್ಡಿನ ಕಥೆ ಬೇರೆ. ಕಾರ್ಡಿನ ಬಿಸಿ, ಮೆಮೊರಿ, ಲೋಡು ಓದುವ ಹಲವು ಮೀಟರುಗಳು ಲಿಬ್‌ಎನ್‌ವಿಡಿಯಾ-ಎಂಎಲ್.ಎಸ್‌ಒ.1 ಅನ್ನು ಕೇಳುತ್ತವೆ. ಆ ಕಂಪನಿಯದ್ದೇ ಎನ್‌ವಿಡಿಯಾ-ಎಸ್‌ಎಂಐ ಕಮಾಂಡೂ ಅದನ್ನೇ. ಒಂದು ದಿನ ಜೊತೆಗೆ ಕೆಲಸ ಮಾಡುವ ಹುಡುಗ ಫೋನ್ ಮಾಡಿದ. "ಮೇಡಂ, ಮೀಟರಲ್ಲಿ ಜಿಪಿಯು ಸಾಲೇ ಹೋಗ್ಬಿಟ್ಟಿದೆ. ಎಸ್‌ಎಂಐ ಕೊಟ್ರೆ ಡ್ರೈವರ್ ಲೈಬ್ರರಿ ವರ್ಷನ್ ಮಿಸ್‌ಮ್ಯಾಚ್ ಅಂತಿದೆ. ಡ್ರೈವರ್ ತೆಗೆದು ಹಾಕ್ದೆ, ಎರಡು ಸಲ."

"ಅಪ್‌ಡೇಟ್ ಆದ್ಮೇಲೆ ರೀಸ್ಟಾರ್ಟ್ ಮಾಡಿದ್ಯೇನಪ್ಪ?"

ಆ ಕಡೆ ಸ್ವಲ್ಪ ಹೊತ್ತು ಸದ್ದಿಲ್ಲ. "ಇಲ್ಲ ಮೇಡಂ. ಒಂದು ಜಾಬ್ ಓಡ್ತಿತ್ತು, ಅದಕ್ಕೇ..."

ಅಪ್‌ಡೇಟ್ ಡಿಸ್ಕಿನ ಮೇಲಿನ ಎಸ್‌ಒ ಫೈಲನ್ನು ಹೊಸದು ಮಾಡಿತ್ತು, ಕರ್ನೆಲ್ಲಿನೊಳಗೆ ಆಗಲೇ ಏರಿ ಕೂತಿದ್ದ ಡ್ರೈವರ್ ಹಳೆಯದೇ ಆಗಿತ್ತು. ಎರಡರ ವರ್ಷನ್ ಒಂದೇ ಇರಬೇಕು ಅಂತ ಆ ಲೈಬ್ರರಿಯ ಹಟ. /ಪ್ರಾಕ್/ಡ್ರೈವರ್/ಎನ್‌ವಿಡಿಯಾ/ವರ್ಷನ್ ಫೈಲು ಓದಿದರೆ ಓಡುತ್ತಿರುವ ಡ್ರೈವರಿನ ಅಂಕಿ ಸಿಗುತ್ತದೆ, ಅದನ್ನು ಇನ್‌ಸ್ಟಾಲ್ ಆಗಿರುವ ಪ್ಯಾಕೇಜಿನ ಅಂಕಿಯ ಪಕ್ಕದಲ್ಲಿಟ್ಟರೆ ಸಾಕು. ಹುಡುಗ ಮಾಡಿದ್ದ ಎರಡು ಮರುಇನ್‌ಸ್ಟಾಲೂ ಡಿಸ್ಕಿನ ಕಡೆಯನ್ನೇ ಮತ್ತೆ ಮತ್ತೆ ಹೊಸದು ಮಾಡಿದ್ದವು. ಜಾಬ್ ಮುಗಿದ ಮೇಲೆ ರೀಸ್ಟಾರ್ಟ್ ಮಾಡಿದ, ಸಾಲು ಬಂತು.

ಹಳೇ ಅಂಕಿಯೇ ಬೇಕೇ ಬೇಕು ಅಂದಾಗ

ನನ್ನ ಜಿಕ್ರೆಲ್‌ಎಂ ಪ್ರಕರಣ ಸುಲಭವಾಗಿ ಮುಗಿಯಿತು. ಸಿಮ್‌ಲಿಂಕ್ ಕಿತ್ತೆ, /ಯುಎಸ್‌ಆರ್/ಲೋಕಲ್‌ನ ಪ್ರತಿ ಅಳಿಸಿದೆ, ಹ್ಯಾಶ್ -ಆರ್ ಕೊಟ್ಟೆ. ಈ ಕೊನೆಯದು ಯಾಕೆಂದರೆ, ಶೆಲ್ (ಟರ್ಮಿನಲ್‌ನಲ್ಲಿ ಕಮಾಂಡು ಓದಿ ಓಡಿಸುವ ಪ್ರೋಗ್ರಾಂ) ಹಳೇ ದಾರಿಯನ್ನು ನೆನಪಿಟ್ಟುಕೊಂಡಿರುತ್ತದೆ, ಫೈಲು ಅಳಿಸಿದ ಮೇಲೂ ಅಲ್ಲಿಗೇ ಹೋಗಿ ಬಾಗಿಲು ತಟ್ಟುತ್ತದೆ. ಡಿಸ್ಟ್ರೋದ ಪ್ರತಿ ಓಡಿತು, ಫ್ಯಾನು ಮತ್ತೆ 1,400ಕ್ಕೆ ಬಂತು. ಯಾವ ಬದಲಾವಣೆ ಬೇಕೆಂದು ಅಂದು ನಾನೇ ಕಂಪೈಲ್ ಮಾಡಿಕೊಂಡಿದ್ದೆ ಅಂತ ನೆನಪಿಸಿಕೊಳ್ಳಲು ಬಹಳ ಪ್ರಯತ್ನಪಟ್ಟೆ. ನೆನಪಾಗಲೇ ಇಲ್ಲ.

ಕೆಲವರಿಗೆ ಈ ಸುಖವಿಲ್ಲ. ಸೋರ್ಸ್ ಸಿಗದ, ಬರೆದವರು ಕೈಬಿಟ್ಟ, ಆದರೂ ಒಂದು ವಿಚಿತ್ರ ಹಾರ್ಡ್‌ವೇರನ್ನು ಓದಲು ಅದೊಂದೇ ಇರುವ ಪ್ರೋಗ್ರಾಮುಗಳಿರುತ್ತವೆ. ಆಗ ಹಳೇ ಲೈಬ್ರರಿಯನ್ನು ಅದರ ಅಸಲಿ ಪ್ಯಾಕೇಜಿನಿಂದ ಹೊರತೆಗೆದು, ಆ ಪ್ರೋಗ್ರಾಮಿನದೇ ಫೋಲ್ಡರಿನಲ್ಲಿ ಇಡಿ, ಸಿಸ್ಟಮ್ಮಿನ ಫೋಲ್ಡರಿಗೆ ತರಬೇಡಿ. ಆಮೇಲೆ ಎರಡು ಸಾಲಿನ ಸ್ಕ್ರಿಪ್ಟ್: ಎಲ್‌ಡಿ_ಲೈಬ್ರರಿ_ಪಾತ್‌ಗೆ ಆ ಫೋಲ್ಡರಿನ ದಾರಿ ಕೊಟ್ಟು, ಅಲ್ಲಿಂದಲೇ ಪ್ರೋಗ್ರಾಂ ಓಡಿಸುವುದು. ಈ ವೇರಿಯೇಬಲನ್ನು ಬ್ಯಾಷ್‌ಆರ್‌ಸಿಗೆ (ಶೆಲ್ ಶುರುವಾಗುವಾಗ ಓದುವ ಫೈಲಿಗೆ) ಬರೆಯುವ ಸೋಮಾರಿತನ ಬೇಡ. ಆಮೇಲೆ ಅದೇ ಶೆಲ್ಲಿನಿಂದ ಎದ್ದ ಎಲ್ಲ ಪ್ರೋಗ್ರಾಮುಗಳೂ ಮೊದಲು ಆ ಹಳೇ ಫೋಲ್ಡರಿಗೇ ಹೋಗಿ ಕೈ ಹಾಕುತ್ತವೆ. ಬ್ರೌಸರ್ ಯಾಕೆ ತೆರೆಯುತ್ತಿಲ್ಲ ಅಂತ ತಲೆ ಕೆಡಿಸಿಕೊಂಡಾಗ ಈ ಸಾಲು ನೆನಪಿಗೇ ಬರುವುದಿಲ್ಲ. ನನ್ನ ಅಂಥದ್ದೊಂದು ಸ್ಕ್ರಿಪ್ಟಿನ ತಲೆಯಲ್ಲಿ ಯಾಕೆ ಇದು, ಯಾವಾಗ ಮಾಡಿದ್ದು ಅಂತ ಕಾಮೆಂಟ್ ಬರೆದಿಟ್ಟಿದ್ದೇನೆ. ಜಿಕ್ರೆಲ್‌ಎಂ ಕಲಿಸಿದ ಪಾಠ.

ವಿಂಡೋಸ್‌ನವರಿಗೆ ನಾಲ್ಕು ಮಾತು

ನಾನು ವಿಂಡೋಸ್ ಮುಂದೆ ಹೆಚ್ಚು ಕೂರುವವಳಲ್ಲ, ಆದರೆ ಕೇಳಿಕೊಂಡು ಬರುವವರು ಅವರೇ ಹೆಚ್ಚು. ವಿಸಿರನ್‌ಟೈಮ್140_1.ಡಿಎಲ್‌ಎಲ್ ಇಲ್ಲ ಅಂತ ಮೀಟರು ಹೇಳಿದರೆ ಆ ಒಂದು ಫೈಲನ್ನು ಡಿಎಲ್‌ಎಲ್ ಹಂಚುವ ಸೈಟುಗಳಿಂದ ಇಳಿಸಬೇಡಿ. ಅದರ ವಾರಸುದಾರರು ಮೈಕ್ರೋಸಾಫ್ಟ್‌ನವರ ವಿಷುಯಲ್ ಸಿ++ ರೀಡಿಸ್ಟ್ರಿಬ್ಯೂಟಬಲ್. ಅದನ್ನೇ ಅವರ ಸೈಟಿನಿಂದ ತಂದು ಹಾಕಿ.

ಸಿಸ್ಟಮ್32 ಫೋಲ್ಡರಿನಲ್ಲಿ 64 ಬಿಟ್ ಡಿಎಲ್‌ಎಲ್‌ಗಳೂ ಸಿಸ್‌ವಾವ್64ರಲ್ಲಿ 32 ಬಿಟ್‌ನವೂ ಇರುತ್ತವೆ. ಹೆಸರು ಉಲ್ಟಾ, ಏನು ಮಾಡುವುದು. ಹೆಸರು ನಂಬಿ ಕೈಯಾರೆ ಕಾಪಿ ಮಾಡಿದವರಿಗೆ ಸಿ000007ಬಿ ಎಂದು ಕೊನೆಯಾಗುವ ಎರರ್ ಕಾದಿರುತ್ತದೆ. ವಿಂಡೋಸ್‌ನ ಮೀಟರಾದ ರೇನ್‌ಮೀಟರ್‌ನ ಪ್ಲಗಿನ್‌ಗಳೂ ಡಿಎಲ್‌ಎಲ್‌ಗಳೇ. ರೇನ್‌ಮೀಟರ್ ಎಷ್ಟು ಬಿಟ್‌ನದೋ ಪ್ಲಗಿನ್ನೂ ಅಷ್ಟೇ ಬಿಟ್‌ನದಾಗಿರಬೇಕು. ಮೀಟರು ತೆರೆಯುತ್ತದೆ, ಪರ್ಫಾರ್ಮೆನ್ಸ್ ಕೌಂಟರುಗಳಿಂದ ಬರಬೇಕಾದ ಅಂಕಿಗಳು ಮಾತ್ರ ಖಾಲಿ ಅಂತಾದರೆ ತಪ್ಪು ಡಿಎಲ್‌ಎಲ್‌ನದೇ ಇರಬೇಕಾಗಿಲ್ಲ, ಕೌಂಟರುಗಳ ಪಟ್ಟಿಯೇ ಕೆಟ್ಟಿರಬಹುದು. ಅಡ್ಮಿನ್ ಆಗಿ ಕಮಾಂಡ್ ಪ್ರಾಂಪ್ಟ್ ತೆರೆದು ಎಲ್‌ಒಡಿಸಿಟಿಆರ್ ಎಂದು ಬರೆದು, ಅದರ ಮುಂದೆ /ಆರ್ ಕೊಡಿ, ಆರ್ ದೊಡ್ಡದು. ಪಟ್ಟಿ ಹೊಸದಾಗಿ ಕಟ್ಟಿಕೊಳ್ಳುತ್ತದೆ. ನಿನ್ನೆವರೆಗೆ ಇದ್ದ ಡಿಎಲ್‌ಎಲ್ ಇವತ್ತು ಇದ್ದಕ್ಕಿದ್ದಂತೆ ಕಾಣದಿದ್ದರೆ ಆಂಟಿವೈರಸ್ಸಿನ ಕ್ವಾರಂಟೈನ್ ಪಟ್ಟಿ ಒಮ್ಮೆ ನೋಡಿ. ಹಾರ್ಡ್‌ವೇರಿನ ಒಳಕ್ಕೆ ಕೈ ಹಾಕುವ ಫೈಲುಗಳ ಮೇಲೆ ಅದಕ್ಕೆ ಯಾವಾಗಲೂ ಒಂದು ಕಣ್ಣು.

ಅಪ್‌ಗ್ರೇಡ್ ಆದ ಕೂಡಲೇ ನಾನು ಓಡಿಸುವ ಸ್ಕ್ರಿಪ್ಟ್

ಈಗ ನನ್ನ ಹತ್ತಿರ ನಾಲ್ಕು ಸಾಲಿನ ಒಂದು ಸ್ಕ್ರಿಪ್ಟ್ ಇದೆ. ನಾನೇ ಕಂಪೈಲ್ ಮಾಡಿಟ್ಟ ಫೈಲುಗಳಿರುವ /ಯುಎಸ್‌ಆರ್/ಲೋಕಲ್/ಬಿನ್, /ಯುಎಸ್‌ಆರ್/ಲೋಕಲ್/ಲಿಬ್, ಮತ್ತು ಹೋಮ್‌ನ ಪ್ಲಗಿನ್ ಫೋಲ್ಡರು, ಈ ಮೂರರಲ್ಲಿ ಸಿಗುವ ಪ್ರತಿ ಫೈಲಿನ ಮೇಲೂ ಎಲ್‌ಡಿಡಿ ಓಡಿಸುತ್ತದೆ. ಉತ್ತರದಲ್ಲಿ 'ನಾಟ್ ಫೌಂಡ್' ಇದ್ದರೆ ಆ ಸಾಲನ್ನೂ ಫೈಲಿನ ಹೆಸರನ್ನೂ ಬರೆಯುತ್ತದೆ, ಉಳಿದದ್ದಕ್ಕೆ ಸುಮ್ಮನಿರುತ್ತದೆ. ಅಪ್‌ಗ್ರೇಡ್ ಮುಗಿದ ತಕ್ಷಣ ಓಡಿಸುತ್ತೇನೆ, ಮೀಟರು ಕಾಣೆಯಾಗುವ ತನಕ ಕಾಯುವುದಿಲ್ಲ.

ಕಳೆದ ಸಲ ಎರಡು ಸಾಲು ಬಂದವು. ಒಂದು ಹವಾಮಾನ ತೋರಿಸುವ ಪ್ಲಗಿನ್. ಸೋರ್ಸ್ ಇತ್ತು, ಮತ್ತೆ ಕಂಪೈಲ್ ಮಾಡಿ ಅದರ ಜಾಗಕ್ಕೆ ಇಟ್ಟೆ. ಇನ್ನೊಂದರ ಹೆಸರು ನೋಡಿ ಇದು ಏನು ಮಾಡುತ್ತದೆ ಅಂತಲೇ ಗೊತ್ತಾಗಲಿಲ್ಲ. ತಾರೀಕು ನೋಡಿದರೆ ನಾನೇ ಹಾಕಿದ್ದು. ಅಳಿಸಿದೆ. ಇನ್ನೂ ಏನೂ ಕೆಟ್ಟಿಲ್ಲ.